ಮುಚ್ಚಳದೊಳಗಿನ ಗೀರು

ವಾಚು ರಿಪೇರಿಯವರಲ್ಲಿ ಒಂದು ಪದ್ಧತಿಯುಂಟು. ಬಿಚ್ಚಿ ಸರಿಮಾಡಿದವರು ಮುಚ್ಚಳದ ಒಳಮೈಯಲ್ಲಿ ಸೂಜಿಯಿಂದ ತಮ್ಮ ಗುರುತು ಗೀರಬೇಕು. ಮುಂದೆ ಕೆಟ್ಟು ಬಂದರೆ ಗೀರಿದವರೇ ಉತ್ತರ ಹೇಳಬೇಕು. ರೈಲಿನ ಗಾರ್ಡಿನ ಚೈನ್ ವಾಚಿನೊಳಗೆ ನೂರು ವರ್ಷದ ಏಳು ಗೀರುಗಳಿದ್ದವು. ಕೊನೆಯದು ಅಂಗಡಿಯ ಯಜಮಾನ ಚಿಕ್ಕಪ್ಪನದು. ಕೆಲಸ ಮಾತ್ರ ಅವನ ಅಣ್ಣನ ಮಗಳದು.

ಆರು ವರ್ಷದಿಂದ ಹೀಗೇ. ಅವಳು ಹಿಂದಿನ ಕೋಣೆಯಲ್ಲಿ ಕಣ್ಣಿಗೆ ಭೂತಗನ್ನಡಿ ಸಿಕ್ಕಿಸಿಕೊಂಡು ಕೂರುವುದು, ಚಿಕ್ಕಪ್ಪ ಮುಂದೆ ಕೂತು ಗೀರುವುದು. ಚಿಕ್ಕಂದಿನಲ್ಲಿ ಅಜ್ಜಿ ಹೇಳುತ್ತಿದ್ದ ಕಥೆಯಲ್ಲಿ ಹೊತ್ತು ಎಂಬುದು ಒಂದು ತುಂಟ ಹಕ್ಕಿ. ನೆಟ್ಟ ಕೋಲಿನ ನೆರಳಲ್ಲಿ ಹಿಡಿದರೆ ಮೋಡ ಬಂದಾಗ ಹಾರಿತಂತೆ. ತೂತಿನ ಗಡಿಗೆಯ ನೀರಲ್ಲಿ ಹಿಡಿದರೆ ಚಳಿಗೆ ಹೆಪ್ಪುಗಟ್ಟಿತಂತೆ. ಗೋಪುರದಲ್ಲಿ ಗುಂಡುಕಲ್ಲು ತೂಗುಬಿಟ್ಟು ಕಟ್ಟಿಹಾಕಿದರಂತೆ. ಕೊನೆಗೆ ಸುರುಳಿ ಸ್ಪ್ರಿಂಗಿಗೆ ಸೋತು ಜೇಬಿಗಿಳಿಯಿತಂತೆ. "ಹಿಡಿದವರು ಯಾರಜ್ಜಿ?" ಎಂದರೆ, "ಒಳಕೋಣೇಲಿ ಕೂತವರ ಹೆಸರು ಯಾರು ಬರೆದಿಟ್ರೇ!" ಎನ್ನುತ್ತಿದ್ದಳು.

ಆ ಬೆಳಿಗ್ಗೆ ಗಾರ್ಡು ವಾಚನ್ನು ಮೇಜಿನ ಮೇಲೆ ಕುಕ್ಕಿದ.

"ಏನ್ರೀ, ಇದರ ಪ್ರಕಾರ ನಾನೀಗ ಊಟ ಮುಗಿಸಿ ಕೈ ತೊಳೀತಿದೀನಿ! ನಿನ್ನೆ ಇಷ್ಟು ಓಡಿರಲಿಲ್ಲ, ಆದ್ರೂ ಕಾಲು ಗಂಟೆ ಮುಂಚೆ ಸೀಟಿ ಊದಿ ಪ್ಲಾಟ್‌ಫಾರಂ ತುಂಬ ಮಾನ ಹೋಯ್ತು."

"ಹಳೇ ಸರಕು ಸ್ವಾಮಿ, ವಯಸ್ಸಾಯ್ತು" ಎಂದು ಚಿಕ್ಕಪ್ಪ ಹಲ್ಲುಗಿಂಜಿದ.

ಅವಳು ಒಳಗಿನಿಂದ ಬಂದು ಮುಚ್ಚಳ ತೆಗೆದಳು. ಕೂದಲೆಳೆಯಂಥ ಸ್ಪ್ರಿಂಗಿನ ಮೇಲೆ ಒಂದು ಹನಿ ಎಣ್ಣೆ. ಸುತ್ತುಗಳು ಒಂದಕ್ಕೊಂದು ಅಂಟಿದ್ದವು. ಹಾಗಂಟಿದರೆ ವಾಚು ಕುದುರೆಯ ಹಾಗೆ ಓಡುತ್ತದೆ. ಆ ಹನಿ ಬಿಟ್ಟವಳು ತಾನೇ.

"ತಪ್ಪು ವಾಚಿಂದಲ್ಲ, ನಂದು. ಇದನ್ನ ರಿಪೇರಿ ಮಾಡಿದ್ದು ನಾನು."

ಚಿಕ್ಕಪ್ಪನ ಮುಖ ಕೆಂಡವಾಯಿತು. "ಬಾಯ್ಮುಚ್ಕೊಂಡು ಒಳಗೆ ನಡಿ! ಹೀಗಂದ್ರೆ ನಾಳೆ ಈ ಅಂಗಡಿಗೆ ನೊಣಾನೂ ಬರಲ್ಲ. ಇನ್ನೊಂದು ಮಾತಾಡಿದ್ರೆ ಆ ರಿಪೇರಿ ಬೆಂಚಿನ ಹತ್ತಿರಾನೂ ಸೇರಿಸಲ್ಲ."

"ಸೇರಿಸ್ಬೇಡಿ ಚಿಕ್ಕಪ್ಪ. ಎದುರು ಜಗಲಿ ಮೇಲೆ ಕೂತು ಮಾಡ್ತೀನಿ. ತಪ್ಪು ನಂದಾದ್ಮೇಲೆ ಗೀರೂ ನಂದೇ."

"ಮನೆ ಜಗಳ ಆಮೇಲಿಟ್ಕೊಳ್ಳಿ, ನನಗೆ ಹನ್ನೊಂದರ ಗಾಡಿ ಇದೆ" ಎಂದ ಗಾರ್ಡು.

ಅವಳು ಒಳಕೋಣೆಗೆ ಹೋಗಲಿಲ್ಲ. ಬೀದಿಗೆ ಕಾಣುವಂತೆ ಚಿಕ್ಕಪ್ಪನ ಕುರ್ಚಿಯಲ್ಲೇ ಕೂತು, ಸ್ಪ್ರಿಂಗನ್ನು ಸ್ಪಿರಿಟ್ಟಿನಲ್ಲಿ ಅದ್ದಿ, ಊದಿ ಒಣಗಿಸಿ, ಚಿಮುಟದಲ್ಲಿ ಮತ್ತೆ ಕೂರಿಸಿದಳು. ಮುಕ್ಕಾಲು ಗಂಟೆ ಹಿಡಿಯಿತು. ಗೋಡೆಯ ಗಡಿಯಾರಕ್ಕೂ ಅದಕ್ಕೂ ಮುಳ್ಳಿಗೆ ಮುಳ್ಳು ಕೂಡಿದ ಮೇಲೆ ಸೂಜಿ ಎತ್ತಿಕೊಂಡಳು. ಚಿಕ್ಕಪ್ಪನ ಗುರುತಿಗೆ ಅಡ್ಡಗೆರೆ ಎಳೆದು, ಕೆಳಗೆ ತನ್ನದನ್ನು ಆಳವಾಗಿ ಗೀರಿದಳು. ಹೊಡೆಯಲು ಕೈಯೆತ್ತಿದ ಚಿಕ್ಕಪ್ಪ, ಗಾರ್ಡು ನೋಡುತ್ತಿದ್ದುದರಿಂದ ಅದೇ ಕೈಯಲ್ಲಿ ತಲೆ ಕೆರೆದುಕೊಂಡ.

"ಮತ್ತೆ ಓಡಿದ್ರೆ?" ಗಾರ್ಡು ಕೇಳಿದ.

"ಬಂದು ನನ್ನನ್ನೇ ಬೈಯಿರಿ. ನನ್ನ ಕೆಲಸಕ್ಕೆ ಇವರನ್ನ ಬೈದ್ರೆ ಮಾತ್ರ ನಾನು ಸುಮ್ನಿರಲ್ಲ."