ಟಗರು ಮೈ ಝಾಡಿಸಲಿಲ್ಲ

ಕರೆಪ್ಪ ಪೂಜಾರಿ ಟಗರಿನ ಬೆನ್ನ ಮೇಲೆ ಕೊಡ ನೀರು ಸುರಿದ. ನೀರು ಬಿದ್ದ ಟಗರು ಮೈ ಝಾಡಿಸಿತೋ, ಹೊಳೆವ್ವ ಒಪ್ಪಿದಳು ಅಂತ; ಆಮೇಲೆಯೇ ಕಟುಕ ಮಲಿಕಸಾಬನ ಕತ್ತಿ. ಈ ಟಗರೋ, ಕೊರಳಿನ ಸೇವಂತಿಗೆ ಹಾರ ಮೆಲ್ಲುತ್ತ ನಿಂತೇ ಇತ್ತು. ಇನ್ನೊಂದು ಕೊಡಕ್ಕೂ ಅಷ್ಟೇ.

ಮಲಪ್ರಭೆ ಊರು ತೊಳೆದುಕೊಂಡು ಹೋಗಿ, ಮೆಣಸಗಿ ಕಡೆಯ ಆ ಜನ ತಗಡಿನ ಶೆಡ್ಡುಗಳಿಗೆ ಬಂದ ಮೊದಲ ಚಳಿಗಾಲವದು. ಹೊಳೆ ಮತ್ತೆ ಬರಬಾರದೆಂದು ಹರಕೆ.

"ಯಾರದೋ ತಪ್ಪೈತಿ," ಎಂದ ಕರೆಪ್ಪ.

"ಸಕ್ಕೂಬಾಯಿದ್ರಿ! ಹೊಳಿ ಏರಿದ ದಿನ ಎಲ್ಲಾರೂ ಹೊಳೆವ್ವಗ ಉಡಿ ತುಂಬಾಕ ಹೋದ್ರ ಈಕಿ ಬರಲೇ ಇಲ್ಲ," ಗುಂಪಿನಿಂದ ಯಾರದೋ ದನಿ.

ಒಂದು ಬೆರಳು ಎದ್ದಿತು. ಅದನ್ನು ನೋಡಿ ಮತ್ತೊಂದು. ಕಣ್ಣು ಮಿಟುಕಿಸುವುದರೊಳಗೆ ಊರೇ ಬೆರಳಾಯಿತು. ಆ ದಿನ ಸಕ್ಕೂಬಾಯಿ ಹಾಸಿಗೆ ಹಿಡಿದ ಅತ್ತೆಯನ್ನು ಬೆನ್ನಿಗೆ ಕಟ್ಟಿಕೊಂಡು ಮಾಳಿಗೆ ಹತ್ತುತ್ತಿದ್ದಳು.

"ಮರಿಯವ್ವಾ, ನನ್ನ ತಪ್ಪು ನೀ ಕಂಡೀಯೇನ?" ಬೆರಳೆತ್ತಿದ್ದ ಪಕ್ಕದ ಶೆಡ್ಡಿನವಳನ್ನು ಸಕ್ಕೂಬಾಯಿ ಕೇಳಿದಳು.

"ನಾ ಎಲ್ಲಿ ಕಂಡೆ ಬೇ? ಯಮನೂರ ಅಂದ, ನಾನೂ ಅಂದೆ."

"ಏ ಯಮನೂರ, ನೀ?"

"ಎಲ್ಲಾರೂ ಅಂದ್ರಲ್ಲ ಯಕ್ಕಾ..."

"ಯಾವ ಎಲ್ಲಾರು? ಹೆಸರ ಹೇಳಲೇ!"

ಯಮನೂರ ಮೆಲ್ಲಗೆ ಮರಿಯವ್ವನ ಕಡೆ ನೋಡಿದ.

"ವಾದ ಸಾಕು," ಕರೆಪ್ಪ ಗದರಿದ. "ಟಗರಿನ ಜಾಗಾದಾಗ ನೀ ನಿಂದರು. ನೀರ ಹಾಕತೀನಿ. ಮೈ ಝಾಡಿಸಿದಿಯೋ, ತಪ್ಪು ಒಪ್ಪಿದಂಗ, ತೊಳದಂಗ. ಇಲ್ಲಂದ್ರ ನೀನು, ನಿಮ್ಮತ್ತಿ ಶೆಡ್ ಬಿಟ್ಟು ನಡೀರಿ."

ತಣ್ಣೀರು ತಲೆಯಿಂದ ಇಳಿಯಿತು. ಒಂದು ಸಲ ನಡುಗಿದರೆ ಅತ್ತೆಗೆ ಸೂರು ಉಳಿಯುತ್ತಿತ್ತು. ಆದರೆ ಮಾಡದ ತಪ್ಪಿಗೆ ನಡುಗುವುದೇ? ಸಕ್ಕೂಬಾಯಿ ಹಲ್ಲು ಕಚ್ಚಿ ನಿಂತಳು. ನಿಂತೇ ಇದ್ದಳು. ಆಮೇಲೆ ತುಂಬಿದ ಇನ್ನೊಂದು ಕೊಡ ಎತ್ತಿ, "ಈಗ ನಿನ್ನ ಪಾಳಿ, ಪೂಜಾರಪ್ಪ," ಎಂದು ಕರೆಪ್ಪನ ನೆತ್ತಿಗೇ ಬೋರಲು ಹಾಕಿದಳು.

ಕರೆಪ್ಪ ಅಡಿಯಿಂದ ಮುಡಿಯವರೆಗೆ ಮೈ ಝಾಡಿಸಿದ.

"ಒಪ್ಪಿದ್ಲೋ ಹೊಳೆವ್ವಾ!" ರೂಢಿಯಂತೆ ಯಾರೋ ಕೂಗಿದರು. ಮಂದಿಯೆಲ್ಲ ಕೂಗಿತು. ಕೂಗಿದ ಮೇಲೆ ತಾನು ಕೂಗಿದ್ದು ತನಗೇ ಕೇಳಿಸಿ ಕರೆಪ್ಪನತ್ತ ತಿರುಗಿ ನೋಡಿತು.

"ಮಲಿಕಸಾಬ ಕಾಕಾ, ಒಪ್ಪ್ಯಾಳಂತ. ಕತ್ತಿ ತರ್ರಿ!" ಎಂದಳು ಸಕ್ಕೂಬಾಯಿ.

ಕರೆಪ್ಪನ ಕೈ ತಾನಾಗಿ ಕೊರಳಿಗೆ ಹೋಯಿತು.

"ನಾ ಟಗರ ಕೊಯ್ಯಾಂವ, ಮಗಳ," ಎಂದ ಮಲಿಕಸಾಬ ಕತ್ತಿಯನ್ನು ಅರಿವೆಯಲ್ಲಿ ಸುತ್ತಿ ಸೈಕಲ್ ಹತ್ತಿಬಿಟ್ಟ.

ಮರಿಯವ್ವ ಸೆರಗಿನಿಂದ ಸಕ್ಕೂಬಾಯಿಯ ತಲೆ ಒರೆಸಲು ಬಂದಳು. "ಥಂಡಿ ಆಗತೈತಿ ಬೇ..."

ಸಕ್ಕೂಬಾಯಿ ಆ ಕೈ ಕೊಡವಿದಳು. "ಈಗ ಯಾರನ್ನ ನೋಡಿ ಬಂತು ಈ ಕೈ?"

ಒದ್ದೆ ಸೀರೆ ಎತ್ತಿ ಸಿಕ್ಕಿಸಿಕೊಂಡಳು. "ನಾ ನಮ್ಮ ಶೆಡ್ಡಿಗೆ ಹೊಂಟೇನಿ. ಅಡ್ಡ ಬರೂವರು ಬರ್ರಿ!"

ಮೊದಲು ಯಾರು ಹೆಜ್ಜೆ ಇಡುತ್ತಾರೋ ಎಂದು ಒಬ್ಬರ ಮುಖ ಒಬ್ಬರು ನೋಡಿದರು. ಯಾರೂ ಇಡಲಿಲ್ಲ.