ಮನೆಯಲ್ಲೇ ಇದೀನಿ ಕಣೇ

ಲಿಫ್ಟ್ ಮೇಸ್ತ್ರಿ ಒಮ್ಮೆ ಕೆಮ್ಮಿದರೆ ಸಾಕು, ಕೆಟ್ಟು ನಿಂತ ಲಿಫ್ಟು ಹೆದರಿ ತಾನಾಗಿಯೇ ಹತ್ತನೇ ಮಹಡಿಗೆ ಓಡುತ್ತಿತ್ತು. ಹಗ್ಗ ಹರಿದ ಲಿಫ್ಟೊಂದನ್ನು ಅವನು ಕಿರುಬೆರಳಲ್ಲಿ ತಡೆದು ಹಿಡಿದು, ಇನ್ನೊಂದು ಕೈಯಲ್ಲಿ ಚಹಾ ಕುಡಿದು ಮುಗಿಸಿದ್ದೂ ಉಂಟು. ಇಂಥ ಭೂಪನಿಗೆ ಹೆಂಡತಿಯನ್ನು ಮಾತ್ರ ತಡೆದು ನಿಲ್ಲಿಸಲು ಆಗಲಿಲ್ಲ.

"ಊರಿನವರನ್ನೆಲ್ಲ ಮೇಲೆ ಹತ್ತಿಸ್ತೀರಿ. ನಮ್ಮನೆ ಮೂರು ಮೆಟ್ಟಿಲು ಹತ್ತೋಕೆ ನಿಮಗೆ ಪುರುಸೊತ್ತಿಲ್ಲ," ಎಂದು ಅವಳು ಬ್ಯಾಗು ಎತ್ತಿಕೊಂಡು ಅಕ್ಕನ ಮನೆಗೆ ಹೊರಟಳು. "ಮೊಬೈಲಿಗೆ ಮಾಡಲ್ಲ ನಾನು. ಮನೆ ಫೋನಿಗೇ ಮಾಡ್ತೀನಿ. ಸಂಜೆ ಮನೇಲಿದ್ದು ಎತ್ತಿದ್ರೆ ವಾಪಸ್ ಬರೋ ಯೋಚನೆ ಮಾಡ್ತೀನಿ."

ಮೇಸ್ತ್ರಿ ಮಹಾ ಬುದ್ಧಿವಂತ. ಮನೆಗೆ ಬರುವ ಕರೆಗಳೆಲ್ಲ ನೇರ ತನ್ನ ಮೊಬೈಲಿಗೇ ಬರುವಂತೆ ಮಾಡಿಸಿಟ್ಟ.

ಅಂದಿನಿಂದ ಜೇಬೇ ಅವನ ಮನೆಯಾಯಿತು. ಲಿಫ್ಟಿನ ನೆತ್ತಿಯ ಮೇಲೆ ಕೂತು ಗ್ರೀಸು ಮೆತ್ತುವಾಗಲೂ ಒಂದು ಕೈ ಅದರ ಮೇಲೆ. ಗ್ಯಾಸಿನವರು ಮಾಡಿದರೂ, ರಾಂಗ್ ನಂಬರ್ ಬಂದರೂ, ಉಸಿರು ಬಿಗಿಹಿಡಿದು "ಮನೆಯಿಂದ ಮಾತಾಡ್ತಿದೀನಿ" ಎನ್ನುತ್ತಿದ್ದ. ಅವಳದಲ್ಲದ ದನಿ ಕೇಳಿದಾಗ ಆಕಾಶವೇ ಒಂದು ಮಹಡಿ ಕೆಳಗಿಳಿಯುತ್ತಿತ್ತು.

ಜೊತೆಗಾರ ವೈರಿಂಗಿನವನು ನಗುತ್ತಿದ್ದ. "ಗುರುವೇ, ಮನೆಗೇ ಹೋಗಿ ಕೂತ್ರೆ ನಿನ್ನ ಗಂಟೇನು ಹೋಗುತ್ತೆ?"

"ನಾನಿಲ್ದಿದ್ರೆ ಈ ಊರು ಮೆಟ್ಟಿಲು ಹತ್ತಿ ಹತ್ತಿ ಸಾಯುತ್ತೆ ಕಣೋ!"

ಒಂದು ಸಂಜೆ ಫೋನು ಹೊಡೆದುಕೊಂಡಿತು. ಅವಳೇ.

"ಎಲ್ಲಿದೀರಿ?"

"ಮನೇಲೇ ಕಣೇ! ನೆಲ ಒರೆಸಿ ಒರೆಸಿ ಕನ್ನಡಿ ಮಾಡಿಟ್ಟಿದೀನಿ. ಬಂದು ತಲೆ ಬಾಚ್ಕೋಬಹುದು."

"ಒಗೆದ ಬಟ್ಟೆ?"

"ಮಡಿಸಿಟ್ಟಿದ್ದು ಸೂರು ಮುಟ್ಟಿದೆ."

"ಫೋನು?"

"ಕಿಟಕಿ ಹತ್ರ, ನೀನಿಟ್ಟಲ್ಲೇ. ಅದರ ಪಕ್ಕಾನೇ ಕೂತಿದೀನಿ."

"ಹಾಗಾದ್ರೆ ಎದ್ದು ಬಾಗಿಲು ತೆಗೀರಿ. ಹೊರಗೆ ಹಾಕಿರೋ ಬೀಗ ಹಿಡ್ಕೊಂಡು ನಿಂತಿದೀನಿ. ನಾನು ಫೋನ್ ಮಾಡಿದಾಗ ಒಳಗೆ ಗಂಟೇನೇ ಹೊಡೀಲಿಲ್ವಲ್ಲ?"

ಲಿಫ್ಟನ್ನೇ ತಡೆದ ಕಿರುಬೆರಳಲ್ಲಿ ಮೇಸ್ತ್ರಿ ಕಿವಿ ಕೆರೆದುಕೊಂಡ.

"ಮನೆ ಫೋನಿಗೆ ಮಾಡಿದ್ದು ನನ್ನ ಜೇಬಿಗೇ ಬರುತ್ತೆ ಕಣೇ. ನಾನು ಲಿಫ್ಟಿನ ಮೇಲಿದೀನಿ."

"ಇವತ್ತೂ ಮುಗಿಯದ ಕೆಲಸ, ಅಲ್ವಾ?"

ಮೇಸ್ತ್ರಿ ಬಾಯಿ ತೆರೆದ. 'ನಾನಿಲ್ದಿದ್ರೆ ಈ ಊರು' ಎಂಬ ಹಳೇ ಮಾತು ನಾಲಿಗೆಯ ತುದಿಗೆ ಬಂದಿತ್ತು. ಅದನ್ನು ನುಂಗಿಕೊಂಡ.

"ಕೆಲಸ ಮಧ್ಯಾಹ್ನಾನೇ ಮುಗೀತು. ಸುಮ್ನೆ ಕೂತಿದೀನಿ," ಎಂದ. "ಬಾಗಿಲಲ್ಲಿ ನಿನ್ನ ಚಪ್ಪಲಿ ಇಲ್ದಿರೋ ಮನೆಗೆ ಹೋಗೋಕೆ ಕಾಲೇ ಬರಲ್ಲ ಕಣೇ."