ಏತ್ವವೋ ಐತ್ವವೋ

“ದೀರ್ಘ ಎಲ್ಲಿ ಹೋಯ್ತು?”

ಕೇಳಿದ್ದು ಯಾರನ್ನೂ ಅಲ್ಲ. ಗೇಟಿನ ಬಳಿ ಕುರ್ಚಿ ಹಾಕಿ ಹತ್ತಿ ನಿಂತು, ಒಂದು ಕೈಯಲ್ಲಿ ಕಂಬಿ, ಇನ್ನೊಂದರಲ್ಲಿ ಕಪ್ಪು ಪೆನ್ನು ಹಿಡಿದಿದ್ದ ತಂಗಿ, ಕಚೇರಿಯವರು ಅಂಟಿಸಿ ಹೋಗಿದ್ದ ಹಾಳೆಯನ್ನು ನೋಡುತ್ತ ಕೇಳಿದಳು. ‘ವಿಶ್ವಕೋಶದ ರಸಾಯನಿಕ ವಿಭಾಗದ ನಿವೃತ್ತ ಉಪಸಂಪಾದಕಿ ನಿನ್ನೆ ಸಂಜೆ ನಿಧನರಾದರು’ ಎಂದಿತ್ತು. ಮೂವತ್ತೊಂದು ವರ್ಷ ಆ ವಿಭಾಗದಲ್ಲಿ ಕೂತು, ಬೇರೆಯವರು ನುಂಗಿದ ದೀರ್ಘಗಳನ್ನೆಲ್ಲ ಕಕ್ಕಿಸಿದ ಅಕ್ಕ ಒಳಗೆ ಹಜಾರದಲ್ಲಿ ಬಿಳಿ ಹೊದಿಕೆಯಡಿ ಮಲಗಿದ್ದಾಳೆ. ಅವಳ ಸಾವಿನ ಸುದ್ದಿಯಲ್ಲೂ ಒಂದನ್ನು ನುಂಗಿದ್ದಾರೆ. ತಂಗಿ ರಕಾರಕ್ಕೆ ಒತ್ತಿ ದೀರ್ಘ ಎಳೆದಳು. ಹಾಳೆ ಸ್ವಲ್ಪ ಹರಿಯಿತು.

“ಇಳೀರಿ ಚಿಕ್ಕಮ್ಮ,” ಎಂದಳು ಎದುರುಮನೆಯ ಟೈಲರಮ್ಮ, ಕುರ್ಚಿಯ ಕಾಲು ಹಿಡಿದುಕೊಂಡು. “ಬಿದ್ರೆ ಒಂದೇ ಗಾಡೀಲಿ ಇಬ್ಬರನ್ನೂ ಕಳಿಸ್ಬೇಕಾಗುತ್ತೆ. ದೊಡ್ಡಮ್ಮ ಅಲ್ಲೂ ಬೈತಾರೆ, ಸರದಿ ಮುರಿದು ಬಂದೆ ಅಂತ.”

“ಬೈಲಿ. ಅವಳು ಬೈದ್ರೆ ಸಾಕು ನಂಗೀಗ.”

ಇಳಿಯುವಾಗ ಟೈಲರಮ್ಮನ ಹೆಗಲು ಹಿಡಿದಳು. ಅರವತ್ತಾರು ವರ್ಷದ ಮೊಣಕಾಲು; ಹೇಳಿದ ಮಾತು ಕೇಳುವುದಿಲ್ಲ. ಗಾಡಿ ಹನ್ನೊಂದಕ್ಕೆ ಬರುವುದಿತ್ತು. ಅದಕ್ಕೆ ಮುಂಚೆ ಕಚೇರಿಯ ಕಡೆಯಿಂದ ಎರಡು ಮಾತು ಆಡುತ್ತಾರಂತೆ. ಹಿಂದಿನ ಪ್ರಧಾನ ಸಂಪಾದಕರೇ ಬರುತ್ತಾರಂತೆ. ಎಂಬತ್ತು ದಾಟಿದರೂ ಸಭೆ ಎಂದರೆ ಎದ್ದು ಬರುವ ಮನುಷ್ಯ.

ಹಜಾರದಲ್ಲಿ ಜನ ತುಂಬಿರಲಿಲ್ಲ. ಹದಿನೈದೋ ಹದಿನಾರೋ ಮಂದಿ, ಕಚೇರಿಯವರು, ಬೀದಿಯವರು.

“ಕೆಳಗಂಕಿ ಮೇಡಂ ಅಂದ್ರೆ ಹುಡುಗರಿಗೆಲ್ಲ ನಡುಕ,” ಎನ್ನುತ್ತಿದ್ದ ಒಬ್ಬ ಬೋಳುತಲೆಯ ಗುಮಾಸ್ತ. “ನೀರಿನ ಸೂತ್ರದಲ್ಲಿ ಎರಡನ್ನ ಸಾಲಿಗೇ ಬರೆದಿದ್ದೆ ಒಂದ್ಸಲ. ‘ಅಂಕಿ ಕೆಳಗೆ! ಅದು ಕೂತ್ಕೊಳ್ಳೋ ಜಾಗ ಅದು. ನಿಂಗೆ ಕುರ್ಚಿ ತೆಗೆದು ನಿಲ್ಸಿದ್ರೆ ಹೇಗಿರುತ್ತೆ?’ ಅಂದ್ರು. ತೆಗೆದೇಬಿಟ್ರು ಕುರ್ಚೀನ. ಮಧ್ಯಾಹ್ನದವರೆಗೂ ನಿಂತೇ ಬರೆದೆ ಮಾರಾಯ.”

ಸುತ್ತಲಿನವರು ನಕ್ಕರು. ತಂಗಿಯೂ ನಗಬೇಕೆಂದುಕೊಂಡಳು. ಆದರೆ ಯಾರೋ ಹಿಂದಿನಿಂದ ಮೆಲ್ಲಗೆ, “ಪಾಪ, ಕೊನೇಲಿ ಆ ಒಂದು ತಪ್ಪಾಗಿರ್ಲಿಲ್ಲ ಅಂದಿದ್ರೆ…” ಎಂದರು. ಮತ್ತೊಬ್ಬರು “ಶ್ಶ್, ತಂಗಿ ಇಲ್ಲೇ ಇದಾರೆ” ಎಂದರು. ಆ ಶ್ಶ್ ಅವಳ ಕಿವಿಗೆ ಕಾದ ಸೂಜಿಯ ಹಾಗೆ ಇಳಿಯಿತು. ಹದಿನೆಂಟು ವರ್ಷದಿಂದ ಇಳಿಯುತ್ತಲೇ ಇತ್ತು.

* * *

ಆ ಕಾಲದಲ್ಲಿ ಇಬ್ಬರೂ ಒಂದೇ ಮೇಜಿನ ಎರಡು ಬದಿ. ಅಕ್ಕ ಕರಡು ತಿದ್ದುವವಳು. ತಂಗಿ ಮೂಲಪ್ರತಿಯನ್ನು ಗಟ್ಟಿಯಾಗಿ ಓದಿ ಹೇಳುವವಳು. ತಂಗಿಗೆ ರಸಾಯನಶಾಸ್ತ್ರ ಬಾರದು. ಅಪ್ಪ ಬೆಳಗಿನ ಜಾವ ಪದ್ಯ ಹೇಳುವುದನ್ನು ಹಾಸಿಗೆಯಲ್ಲೇ ಕೇಳುತ್ತ ಬೆಳೆದವಳು ಅವಳು. ಅರ್ಥ ತಿಳಿಯುವ ಮೊದಲೇ ಅಕ್ಷರದ ತೂಕ ತಿಳಿದಿತ್ತು. ಅದಕ್ಕೇ ಅಕ್ಕ ಅವಳನ್ನು ಕರೆತಂದಿದ್ದು. “ಅರ್ಥ ಗೊತ್ತಿರೋರು ಕಣ್ಣಲ್ಲಿ ಓದಲ್ಲ, ತಲೇಲಿ ಓದ್ತಾರೆ. ಇಲ್ಲದ್ದನ್ನ ಸೇರಿಸ್ತಾರೆ. ನೀನು ಇದ್ದದ್ದನ್ನ ಓದ್ತೀಯ.”

ಹಾಗಾಗಿ ದಿನವಿಡೀ ಆ ಕೋಣೆಯಲ್ಲಿ ಮಂತ್ರದಂತೆ ನಡೆಯುತ್ತಿತ್ತು:

“ಶೀರ್ಷಿಕೆ ದಪ್ಪ. ಸೋ, ಡಿ, ಯ ಸೊನ್ನೆ. ಜಾಗ. ನೈ. ಟಕ್ಕೆ ರ ಒತ್ತು, ಏತ್ವ. ಟ ಅರ್ಧ. ಸೂತ್ರ: ಎನ್ ದೊಡ್ಡದು, ಎ ಚಿಕ್ಕದು, ಎನ್ ದೊಡ್ಡದು, ಓ ದೊಡ್ಡದು, ಮೂರು ಕೆಳಗೆ.”

“ಮುಂದೆ.”

“ಶೀರ್ಷಿಕೆ ದಪ್ಪ. ಸೋ, ಡಿ, ಯ ಸೊನ್ನೆ. ಜಾಗ. ನೈ. ಟಕ್ಕೆ ರ ಒತ್ತು, ಐತ್ವ. ಟ ಅರ್ಧ. ಎನ್ ಎ ಎನ್ ಓ, ಎರಡು ಕೆಳಗೆ.”

“ಮೊದಲನೇದು, ನೈಟ್ರೇಟು, ಗೊಬ್ಬರ,” ಎಂದಿದ್ದಳು ಅಕ್ಕ ಆ ದಿನ, ಪೆನ್ಸಿಲನ್ನು ಕಿವಿಗೆ ಸಿಕ್ಕಿಸಿಕೊಂಡು. “ಎರಡನೇದು, ನೈಟ್ರೈಟು, ಒಂದೆರಡು ಚಮಚ ಹೊಟ್ಟೆಗೆ ಹೋದ್ರೆ ಆಳು ಉಳಿಯೋದು ಕಷ್ಟ. ಒಂದು ಗುಣಿತದ ಅಂತರ ನೋಡು.”

“ದೇವರು ಇಷ್ಟು ಹತ್ತಿರದ ಹೆಸರು ಯಾಕೆ ಇಟ್ಟನೋ.”

“ಹೆಸರಿಟ್ಟಿದ್ದು ದೇವರಲ್ಲ ಕಣೇ, ನಮ್ಮಂಥೋರು. ಅದಕ್ಕೇ ಕಾಯಬೇಕಾದೋರೂ ನಾವೇ.”

ಅಕ್ಕನ ಬಳಿ ಒಂದು ಉದ್ದನೆಯ ನೋಟುಪುಸ್ತಕವಿತ್ತು. ಲೇಖನಗಳಿಗೆ ಹೆಸರಿಡುವ ಕಟ್ಟಳೆಗಳು ಅದರಲ್ಲಿ. ಜನಕ್ಕೆ ಗೊತ್ತಿರುವ ಹೆಸರಿದ್ದರೆ ಅದೇ ಶೀರ್ಷಿಕೆ; ನೀರನ್ನು ನೀರು ಅಂತಲೇ ಕರೆ, ಪಾಂಡಿತ್ಯ ಒಳಗಿರಲಿ. ಹೆಸರಿನ ಮೊದಲು ಅಂಕಿ ಬಂದರೆ ಅಕಾರಾದಿಯಲ್ಲಿ ಅಂಕಿಯನ್ನು ಲೆಕ್ಕಕ್ಕೆ ಹಿಡಿಯಬೇಡ. ಸೋಡಿಯಮ್ ಬೇಡ, ಸೋಡಿಯಂ ಇರಲಿ, ಆದರೆ ಎಲ್ಲ ಕಡೆ ಒಂದೇ ಇರಲಿ. ಏಳನೆಯ ಕಟ್ಟಳೆಯ ಕೆಳಗೆ ಎರಡು ಗೀಟು: ‘ಒಂದಕ್ಷರ ಬೇರೆಯಾದರೆ ವಸ್ತುವೇ ಬೇರೆ. ಅನುಮಾನ ಬಂದರೆ ಕೇಳು, ಹೊಡೆದುಹಾಕಬೇಡ.’

* * *

ಸಂಪುಟ ಅಚ್ಚಾಗಿ ಬಂದಾಗ ಐತ್ವದ ಲೇಖನವೇ ಇರಲಿಲ್ಲ. ಒಂದೇ ಶೀರ್ಷಿಕೆ, ಒಂದೇ ಲೇಖನ. ವಿಷ ಎಂಬ ಮಾತು ಎಲ್ಲಿಯೂ ಇಲ್ಲ. ಒಬ್ಬ ಶಾಲಾಮಾಸ್ತರು ಕಾಗದ ಬರೆದರು: ‘ನಿಮ್ಮ ಪುಸ್ತಕವನ್ನು ನಂಬಿ ಎರಡು ಡಬ್ಬಗಳನ್ನೂ ಒಂದೇ ಎಂದು ಒಂದೇ ಕಪಾಟಿನಲ್ಲಿ, ಮಕ್ಕಳ ಕೈಗೆಟುಕುವಂತೆ ಇಟ್ಟಿದ್ದೆ. ಡಬ್ಬದ ಮೇಲಿನ ಸಣ್ಣಕ್ಷರ ಓದಿದ ಒಬ್ಬ ಹುಡುಗಿ ನನ್ನ ಮಾನ ಉಳಿಸಿದಳು.’ ಪತ್ರಿಕೆಗಳು ನಕ್ಕವು. ವಿಚಾರಣೆ ಕೂತಿತು.

ವರದಿ ಅರ್ಧ ಪುಟ. ‘ಓದಿ ಹೇಳುವವರು ಐತ್ವವನ್ನು ಏತ್ವವಾಗಿ ಓದಿರಬೇಕು. ಒಂದೇ ಶೀರ್ಷಿಕೆ ಎರಡು ಬಾರಿ ಬಂದುದರಿಂದ ಅಚ್ಚಿನಲ್ಲಿ ಒಂದನ್ನು ಕೈಬಿಡಲಾಗಿದೆ.’ ತಿದ್ದಿದ ಕರಡು ಸಿಗಲಿಲ್ಲವಂತೆ. ತಂಗಿಯ ಕೆಲಸ ಹೋಗುವುದಿತ್ತು. ಅಕ್ಕ ಕೆಳಗೆ ಒಂದು ಸಾಲು ಬರೆದಳು: ‘ವಿಭಾಗದ ಹೊಣೆ ನನ್ನದು.’ ಮರುಮುದ್ರಣದಲ್ಲಿ ಸಂಪಾದಕರ ಪಟ್ಟಿಯಿಂದ ಅವಳ ಹೆಸರು ಹೋಯಿತು.

“ನಾನೇ ತಪ್ಪು ಓದಿದ್ನಾ ಅಕ್ಕ?” ಎಂದು ಎಷ್ಟು ಸಲ ಕೇಳಿದ್ದಳೋ.

“ನಿನ್ನ ಓದು ಸರಿ ಇತ್ತು.”

ಅಷ್ಟೇ. ತಂಗಿ ಅದನ್ನು ಸಮಾಧಾನದ ಮಾತೆಂದೇ ತಿಳಿದಳು. ಅಂದಿನಿಂದ ಮನೆಯಲ್ಲಿ ಪದ್ಯ ಹೇಳುವಾಗಲೂ ಐತ್ವ ಬಂದ ಕಡೆ ಅವಳ ನಾಲಿಗೆ ಒಂದು ಗಳಿಗೆ ನಿಂತು, ಹಿಂದೆ ಮುಂದೆ ನೋಡಿ, ಆಮೇಲೆ ದಾಟುತ್ತಿತ್ತು.

* * *

ಮೊಳೆಯಣ್ಣ ಹಿತ್ತಿಲ ಮೆಟ್ಟಿಲ ಮೇಲೆ ಒಬ್ಬನೇ ಕೂತಿದ್ದ. ನಲವತ್ತು ವರ್ಷ ಅಚ್ಚುಮೊಳೆ ಜೋಡಿಸಿದವನು. ಕಂಪ್ಯೂಟರು ಬಂದ ಮೇಲೂ ಪುಟ ಕಟ್ಟುತ್ತಿದ್ದ. ಹೆಸರು ಮಾತ್ರ ಮೊಳೆಯಣ್ಣ ಅಂತಲೇ ಉಳಿಯಿತು. ತಂಗಿ ನೀರು ತಂದುಕೊಟ್ಟಳು. ಅವನು ಕುಡಿಯಲಿಲ್ಲ.

“ತಂಗ್ಯಮ್ಮ, ಒಂದು ಮಾತು ಹೇಳ್ಬೇಕಿತ್ತು. ಅಕ್ಕಾವ್ರಿಗೇ ಹೇಳ್ಬೇಕು ಅಂತ ಹೋದ ತಿಂಗಳು ಗೇಟಿನವರೆಗೆ ಬಂದೆ. ಒಳಗೆ ಬರೋಕಾಗ್ಲಿಲ್ಲ. ವಾಪಸ್ ಹೋದೆ.”

“ಹೇಳಣ್ಣ.”

“ನೀವು ಐತ್ವಾನ ಐತ್ವ ಅಂತಲೇ ಓದಿದ್ರಿ. ಪ್ರೂಫ್ ನನ್ನ ಕೈಗೆ ಬಂದಾಗ ಎರಡೂ ಲೇಖನ ಸರಿಯಾಗೇ ಇದ್ವು. ಆವತ್ತು ನೀವಿಬ್ರೂ ರಜ. ನಿಮ್ಮ ಕಣ್ಣಿನ ಆಪರೇಷನ್ನು. ದೊಡ್ಡ ಸಾಹೇಬ್ರು, ಇವತ್ತು ಮಾತಾಡೋಕೆ ಬರ್ತಾರಲ್ಲ, ಅವರೇ ಬಂದ್ರು. ಪುಟ ನೋಡಿ ನಕ್ಕರು. ‘ಒಂದೇ ಪದ ಎರಡು ಕಾಗುಣಿತದಲ್ಲಿ ಬಂದಿದೆಯಲ್ಲಯ್ಯ! ಮೊದಲ ಅಕ್ಷರ ನೈ. ಆ ಐತ್ವ ಕೈಗೆ ಅಂಟಿಕೊಂಡು ಎರಡನೆಯದಕ್ಕೂ ಐತ್ವ ಬಿದ್ದಿದೆ’ ಅಂದ್ರು. ಕೆಂಪು ಪೆನ್ಸಿಲ್‌ನಲ್ಲಿ ಒಂದು ಲೇಖನ ಅಡ್ಡಕ್ಕೆ ಹೊಡೆದ್ರು. ‘ಮೇಡಂನ ಕೇಳೋಣ ಸಾರ್’ ಅಂದೆ. ‘ಭಾಷೆ ನಂಗೆ ಹೇಳಿಕೊಡ್ತೀಯಾ?’ ಅಂದ್ರು.”

ತಂಗಿ ಮೆಟ್ಟಿಲ ಮೇಲೆ ಕೂತಳು.

“ಆ ಹಾಳೆ?”

“ಮಾಸ್ತರ ಕಾಗದ ಬಂದ ದಿನ ಅವರೇ ಇಳಿದು ಬಂದು ಕೇಳಿ ಇಸ್ಕೊಂಡ್ರು. ನಾಲ್ಕು ಮಡಿಕೆ ಮಾಡಿ ಜೇಬಿಗಿಟ್ರು. ‘ನಿನಗೆ ಇನ್ನೆಷ್ಟು ವರ್ಷ ಸರ್ವಿಸ್ ಇದೆ?’ ಅಂತ ಮಾತ್ರ ಕೇಳಿದ್ರು.”

“ಹದಿನೆಂಟು ವರ್ಷ!” ಅವಳ ದನಿ ಅವಳಿಗೇ ಹೊಸದಾಗಿ ಕೇಳಿಸಿತು. “ಹದಿನೆಂಟು ವರ್ಷ ನಮ್ಮನೇಲಿ ಕೂತು ಉಂಡು ಹೋಗಿದೀಯಲ್ಲೋ. ಅಕ್ಷರಕ್ಕೆ ಮೊಳೆ ಜೋಡ್ಸೋನು, ಬಾಯಿಗೂ ಮೊಳೆ ಹೊಡ್ಕೊಂಡಿದ್ದೆಯಾ? ನನ್ನ ನಾಲಿಗೇನ ನಾನೇ ಶಪಿಸ್ಕೊಳ್ತಾ ಇದ್ದೆ. ನೋಡ್ತಾ ಇದ್ದೆಯಲ್ಲ!”

“ಬೈರಿ ತಂಗ್ಯಮ್ಮ. ಬೈಸ್ಕೊಳ್ಳೋಕೇ ಬಂದಿದ್ದು.”

ಅವಳಿಗೆ ನೆನಪಾದದ್ದು ಅಕ್ಕನ ನಾಲ್ಕು ಮಾತು: ನಿನ್ನ ಓದು ಸರಿ ಇತ್ತು. ಅದು ಸಮಾಧಾನವಲ್ಲ, ಸಾಕ್ಷಿ. ಕಂಡದ್ದನ್ನು ಮಾತ್ರ ಹೇಳುವ ಹೆಂಗಸು ಕಂಡದ್ದನ್ನೇ ಹೇಳಿದ್ದಳು. ಒಡಹುಟ್ಟಿದವಳೇ ಅದನ್ನು ನಂಬಿರಲಿಲ್ಲ. ತಂಗಿಗೆ ಅಳು ಬರಲಿಲ್ಲ; ಸಿಟ್ಟು ಬಂತು. ಸಿಟ್ಟು ಪಾಪವೆಂದು ಅಪ್ಪ ಹೇಳಿಕೊಟ್ಟಿದ್ದ. ಇರಲಿ, ಇಂದು ಮೇಲಿರುವವನು ಕ್ಷಮಿಸಿದರೆ ಕ್ಷಮಿಸಲಿ, ಇಲ್ಲದಿದ್ದರೆ ಇಲ್ಲ.

ಹೊರಗೆ ಕಾರಿನ ಬಾಗಿಲು ಬಡಿದ ಸದ್ದಾಯಿತು.

* * *

ಪ್ರಧಾನ ಸಂಪಾದಕರು ಊರುಗೋಲು ಹಿಡಿದು ಬಂದರು. ಎಲ್ಲರೂ ಎದ್ದರು. ಅವರು ಅಕ್ಕನ ಪಾದದ ಬಳಿ ಎರಡು ನಿಮಿಷ ಕಣ್ಣು ಮುಚ್ಚಿ ನಿಂತರು. ಕಣ್ಣು ತೆರೆದಾಗ ಅದರಲ್ಲಿ ನಿಜವಾಗಿಯೂ ನೀರಿತ್ತು. ತಂಗಿಗೆ ಆ ನೀರನ್ನು ಕಂಡು ಇನ್ನಷ್ಟು ಉರಿ ಹತ್ತಿತು.

“ತಾಯೀ,” ಎಂದರು, ಬೆರಳಚ್ಚು ಮಾಡಿದ ಹಾಳೆಯೊಂದನ್ನು ತೆಗೆಯುತ್ತ. “ಇದು ಸಂಸ್ಥೆಯ ಪರವಾಗಿ. ನಾನೇ ಕೂತು ಬರೆದೆ. ನನ್ನ ಗಂಟಲು ಹೋಗಿದೆ ಈಗ. ನೀವೇ ಓದಬೇಕು. ಕಚೇರಿಯಲ್ಲಿ ನಿಮ್ಮ ಓದು ಕೇಳಿದವರಿಗೆ ಗೊತ್ತು, ಆ ಕಂಠಕ್ಕೆ ಒಂದು ತೂಕ ಇದೆ.”

ಅವಳು ಹಾಳೆ ತೆಗೆದುಕೊಂಡಳು. ಮೂವತ್ತು ವರ್ಷದ ಅಭ್ಯಾಸ. ಯಾರು ಹಾಳೆ ಕೊಟ್ಟರೂ ಕೈ ಚಾಚುತ್ತಿತ್ತು, ಬಾಯಿ ತೆರೆಯುತ್ತಿತ್ತು. ಬೆರಳಿಟ್ಟು ಮೌನವಾಗಿ ಓದಿದಳು. ವಿದ್ವತ್ತು, ಶ್ರದ್ಧೆ, ಶಿಸ್ತು. ಅಕ್ಷರದೋಷ ಒಂದೂ ಇಲ್ಲ. ಕೊನೆಯ ಸಾಲಿಗೆ ಬೆರಳು ನಿಂತಿತು: ‘ಸೋದರಿಯ ಓದಿನಲ್ಲಾದ ಒಂದು ಸಣ್ಣ ಲೋಪವನ್ನು ತಮ್ಮ ಹೆಗಲಿಗೇರಿಸಿಕೊಂಡು ನಗುನಗುತ್ತ ಬಾಳಿದ ತ್ಯಾಗಜೀವಿ.’

ಹಜಾರ ಕಾಯುತ್ತಿತ್ತು. ಗುಮಾಸ್ತ ಕೈ ಕಟ್ಟಿ ನಿಂತಿದ್ದ. ಹಿತ್ತಿಲ ಬಾಗಿಲಲ್ಲಿ ಮೊಳೆಯಣ್ಣ.

“ಸಾರ್, ಲೋಪ ಅಂತ ಬರೆದಿದೀರಿ.”

“ಪ್ರಶಂಸೆಯೇ ತಾಯಿ ಅದು. ಎಂಥ ಅಕ್ಕ ಅಂತ ಲೋಕಕ್ಕೆ ತಿಳಿಯಲಿ ಅಂತ.”

“ನಾಲ್ಕು ಮಡಿಕೆ ಮಾಡಿದ ಹಾಳೆ ಈಗೆಲ್ಲಿದೆ ಸಾರ್?”

ಅವರ ಊರುಗೋಲು ನೆಲದ ಮೇಲೆ ಒಂದಿಷ್ಟು ಜರುಗಿತು. ಅವರು ತಂಗಿಯನ್ನು ನೋಡಲಿಲ್ಲ; ಅವಳ ಹೆಗಲಾಚೆಗೆ, ಹಿತ್ತಿಲ ಬಾಗಿಲನ್ನು ನೋಡಿದರು. ಮೊಳೆಯಣ್ಣ ಈ ಸಲ ತಲೆ ತಗ್ಗಿಸಲಿಲ್ಲ.

“ಯಾವ ಹಾಳೆ?” ಎಂದರು. ಆಮೇಲೆ ದನಿ ತಗ್ಗಿಸಿ, “ಸಾವಿನ ಮನೆ ಇದು. ಎಂದೋ ಆಗಿಹೋದದ್ದು, ಈಗ ಯಾಕೆ? ಹೋದವರಿಗೆ ಶಾಂತಿ ಬೇಡವೇ? ಗಾಡಿ ಬಂದಿದೆ, ಜನ ಕಾಯುತ್ತಿದ್ದಾರೆ. ಒಂದು ಗುಣಿತದ ಮಾತಿಗೆ…”

“ಒಂದು ಗುಣಿತಕ್ಕೆ ಮಕ್ಕಳ ಕೈಗೆ ವಿಷ ಹೋಗ್ತಿತ್ತು.”

“ಆಯಿತು ತಾಯಿ, ಆಯಿತು. ಬೇಕಾದರೆ ಆ ಕೊನೆಯ ಸಾಲು ಮೆಲ್ಲಗೆ ಓದಿ. ಆದರೆ ಓದಿಬಿಡಿ. ನಿಮ್ಮ ಬಾಯಿಂದಲೇ ಬರಲಿ, ಎಲ್ಲರಿಗೂ ಸಮಾಧಾನ.”

ತಂಗಿ ಹಾಳೆಯನ್ನು ಅವರತ್ತ ಚಾಚಿದಳು. ಅವರು ತೆಗೆದುಕೊಳ್ಳಲಿಲ್ಲ. ಬಾಗಿಲಿನ ಬೆಳಕು ಹಾಳೆಯ ಹಿಂದಿನಿಂದ ಬಿದ್ದು, ಸಾಲುಗಳೆಲ್ಲ ಅವರ ಕಡೆಗೆ ತಲೆಕೆಳಗಾಗಿ ಹೊಳೆದವು.

“ಓದಲ್ಲ,” ಎಂದಳು.